ಬೀಗ ಬಿದ್ದ ಹೊರೆಗಲ್ಲು

ಅಕ್ಕನನ್ನು ಹೊತ್ತುಕೊಂಡು ಹೋದ ದಿನ ಹೊರೆಗಲ್ಲಿಗೆ ಬೀಗ ಹಾಕಿತ್ತು.

ಕಲ್ಲಿಗೆ ಬೀಗ ಎಂದರೆ ಹೊರಗಿನವರಿಗೆ ಅರ್ಥವಾಗಲಿಕ್ಕಿಲ್ಲ. ಕಲ್ಲಿನ ಸುತ್ತ ಎದೆಯುದ್ದದ ಕಬ್ಬಿಣದ ಜಾಲರಿ, ಜಾಲರಿಗೆ ಒಂದು ಸಣ್ಣ ಗೇಟು, ಗೇಟಿಗೆ ಬೀಗ. ಒಳಗೆ ಕಲ್ಲು ಕೇಸರಿ, ಬಿಳಿ, ಹಸಿರು ಬಣ್ಣ ಬಳಿಸಿಕೊಂಡು ನಿಂತಿತ್ತು. ಸಾಯುವ ಮೊದಲು ಅಕ್ಕ ನನ್ನನ್ನು ಕೇಳಿದ್ದು ಒಂದೇ. ತನ್ನನ್ನು ಆ ಕಲ್ಲಿನ ಮೇಲೆ ಇಳಿಸಿ ಆಮೇಲೆ ಮಣ್ಣಿಗೆ ಇಡಬೇಕು ಎಂದು. ಅದು ನನ್ನಿಂದ ಆಗಲಿಲ್ಲ. ಬರೆದರೆ ಸಿಟ್ಟು ಇಳಿದೀತು ಎಂದುಕೊಂಡು ಕೂತಿದ್ದೇನೆ. ಇಲ್ಲಿಯವರೆಗೆ ಇಳಿದಿಲ್ಲ.

ನಮ್ಮದು ತಾಳವಾಡಿ ಕಡೆ ಪಣಕಹಳ್ಳಿ ದಾಟಿ ಕಾಡಿನ ಅಂಚಿಗೆ ಇರುವ ಸಣ್ಣ ಊರು; ಮಾತು ಕನ್ನಡ, ರಾಜ್ಯ ತಮಿಳಿನವರದು. ಬಸ್ಸಿನ ರಸ್ತೆ ಬರುವುದಕ್ಕೆ ಮುಂಚೆ ಕೆಳಗಿನ ಸತ್ಯಮಂಗಲದ ಬಯಲಿನಿಂದ ಘಟ್ಟ ಹತ್ತಿ ಬರಲು ಒಂದು ಕಾಲುದಾರಿ ಇತ್ತು. ಆ ದಾರಿ ಕಾಡು ಬಿಟ್ಟು ಹೊಲಕ್ಕೆ ಬೀಳುವ ಕಡೆ ನಮ್ಮ ಹೊರೆಗಲ್ಲು ಇದೆ. ನೆಟ್ಟ ಎರಡು ಕಂಬ, ಮೇಲೊಂದು ಉದ್ದನೆಯ ಅಡ್ಡಗಲ್ಲು. ಎತ್ತರ ಸರಿಯಾಗಿ ಆಳಿನ ಹೆಗಲಿಗೆ ಬರುತ್ತದೆ. ಒಬ್ಬನೇ ಭಾರ ಹೊತ್ತು ಬರುವವನು ಅದನ್ನು ನೆಲಕ್ಕೆ ಇಟ್ಟರೆ ತಿರುಗಿ ಎತ್ತಿಕೊಳ್ಳಲು ಇನ್ನೊಬ್ಬ ಬೇಕು. ಈ ಕಲ್ಲಾದರೆ ಯಾರೂ ಬೇಡ. ಹೆಗಲಿನಿಂದ ಭಾರವನ್ನು ಹಾಗೇ ಕಲ್ಲಿಗೆ ಜಾರಿಸಿ, ಉಸಿರು ತಿರುಗಿದ ಮೇಲೆ ಕೆಳಗೆ ಹೆಗಲು ಕೊಟ್ಟು ಎದ್ದರೆ ಆಯಿತು.

ನಮ್ಮ ತಾತ ಆ ದಾರಿಯಲ್ಲಿ ದೊರೆಗಳ ಸಾಮಾನು ಹೊತ್ತವನು. ಬೇಟೆಗೆ, ಕಾಡು ನೋಡುವುದಕ್ಕೆ ಬಿಳಿ ದೊರೆಗಳು ಬರುತ್ತಿದ್ದರಂತೆ. ಮಂಚ, ತಗಡಿನ ಪೆಟ್ಟಿಗೆ, ಬಾಟಲಿ ತುಂಬಿದ ಮರದ ಪೆಟ್ಟಿಗೆ. ಒಂದು ಸಲ ಸ್ನಾನದ ತೊಟ್ಟಿ. ಈ ತೊಟ್ಟಿಯ ಕಥೆಯನ್ನು ಅಕ್ಕ ಎಷ್ಟು ಸಲ ಹೇಳಿದ್ದಾಳೋ. ಬೋರಲು ಹೊತ್ತರೆ ಕಣ್ಣಿಗೆ ದಾರಿ ಕಾಣುವುದಿಲ್ಲ ಎಂದು ತಾತ ಅದನ್ನು ಅಂಗಾತ ಹೊತ್ತಿದ್ದ. ಅರ್ಧ ಘಟ್ಟದಲ್ಲಿ ಮಳೆ ಹಿಡಿಯಿತು. ದೊರೆಯ ಸಾಮಾನನ್ನು ನೆಲಕ್ಕೆ ಇಡುವಂತಿಲ್ಲ, ಇಟ್ಟರೆ ಪೆಟ್ಟು. ತೊಟ್ಟಿಗೆ ನೀರು ತುಂಬುತ್ತ ಬಂತು. ತಾತ ತೊಟ್ಟಿಯ ಜೊತೆಗೆ ಮಳೆಯನ್ನೂ ಹೊತ್ತುಕೊಂಡು ಕಲ್ಲಿನ ತನಕ ಬಂದ.

"ಬಗ್ಗುಸ್ಬುಟ್ಟಿದ್ರೆ ನೀರು ಓಯ್ತಿತ್ತಲ್ಲಕ್ಕ?" ಎಂದು ಚಿಕ್ಕವನಿದ್ದಾಗ ನಾನು ಕೇಳಿದ್ದೆ.

"ತಲ ಮ್ಯಾಲ ಇರದ ಬಗ್ಗುಸುದ್ರ ತಾತನೂ ಬಗ್ಗಬೇಕಲ್ಲಾ. ಘಟ್ಟದಲ್ಲಿ ಬಗ್ಗಿದೋನು ಸೀದಾ ಸತ್ಯಮಂಗಲದಲ್ಲಿ ಏಳ್ತನ" ಎಂದು ಅಕ್ಕ ನಕ್ಕಿದ್ದಳು.

ಕೂಲಿ ಇರಲಿಲ್ಲ. ಬಿಟ್ಟಿ. ತಾತನ ಬಲ ಹೆಗಲಿನ ಮೇಲೆ ನಿಂಬೆಹಣ್ಣಿನಷ್ಟು ದೊಡ್ಡ ಗಂಟು ಇತ್ತಂತೆ. ಮುದುಕನಾದ ಮೇಲೂ ಚಳಿಗಾಲದಲ್ಲಿ ಅದು ನೋಯುತ್ತಿತ್ತು. ಅಕ್ಕ ಹುಡುಗಿಯಾಗಿದ್ದಾಗ ದಿನವೂ ಅದಕ್ಕೆ ಹರಳೆಣ್ಣೆ ತಿಕ್ಕುವುದು ಅವಳ ಕೆಲಸ. ನಾನು ಆಗ ಕಂಕುಳ ಕೂಸು, ತಾತನ ಮುಖವೂ ನೆನಪಿಲ್ಲ. ಆ ಹೆಗಲನ್ನು ಮುಟ್ಟಿ ಬಲ್ಲ ಕೈ ಊರಿನಲ್ಲಿ ಉಳಿದಿದ್ದದ್ದು ಅಕ್ಕನದೊಂದೇ. ಅದನ್ನೂ ಈಗ ಮಣ್ಣಿಗೆ ಇಟ್ಟೆವು.

ನಮ್ಮ ಕೇರಿಯಲ್ಲಿ ಯಾರೇ ತೀರಿಕೊಂಡರೂ ಚಟ್ಟ ಆ ಕಲ್ಲಿನ ಹತ್ತಿರ ನಿಲ್ಲುತ್ತದೆ. ತಲೆಯ ಕಡೆಯನ್ನು ಅಡ್ಡಗಲ್ಲಿನ ಮೇಲೆ ಊರಿ ಮುಂದಿನ ಇಬ್ಬರು ಹೆಗಲು ಬಿಡಿಸಿಕೊಳ್ಳುತ್ತಾರೆ. ಮನೆಯ ಹೆಣ್ಣುಮಗಳೊಬ್ಬಳು ಕಲ್ಲಿಗೆ ಹರಳೆಣ್ಣೆ ತಿಕ್ಕುತ್ತಾಳೆ. ಮನೆಯ ಹಿರಿಯ "ಹೊರೆ ಇಳೀತು" ಎಂದು ಸತ್ತವರಿಗೆ ಹೇಳುತ್ತಾನೆ. ಅಲ್ಲಿಂದ ಹೆಂಗಸರು ಹಿಂದಕ್ಕೆ, ಗಂಡಸರು ಮಣ್ಣಿಗೆ. ಯಾರು ಶುರುಮಾಡಿದರೋ ಗೊತ್ತಿಲ್ಲ. ಹೊತ್ತೂ ಹೊತ್ತೂ ಸತ್ತವರಿಗೆ ಕೊನೆಗೊಂದು ಸಲ ಹೊರೆ ಇಳಿಸಿಕೊಡುವುದು, ಅಷ್ಟೇ. ನನ್ನ ನೆನಪಿನಲ್ಲಿ ಎಣ್ಣೆ ತಿಕ್ಕುತ್ತಿದ್ದವಳು ಹೆಚ್ಚಾಗಿ ಅಕ್ಕನೇ. ಗಂಡ ತೀರಿಕೊಂಡು ಅವಳು ನಮ್ಮ ಮನೆಗೆ ಬಂದ ಮೇಲೆ ಬೇರೆಯವರ ಮನೆಯ ಸಾವಿಗೂ ಅವಳನ್ನೇ ಕರೆಯುತ್ತಿದ್ದರು. ಅಷ್ಟು ಕಾಲದ ಎಣ್ಣೆಗೆ ಅಡ್ಡಗಲ್ಲು ಕಪ್ಪಗೆ ಮಿರಮಿರ ಮಿನುಗುತ್ತಿತ್ತು.

ಇನ್ನು ಪುಸ್ತಕದ ಮಾತು.

ನಾನು ಓದಿದ್ದು ಕನ್ನಡ ಶಾಲೆಯಲ್ಲೇ. ಪುಸ್ತಕ ಮಾತ್ರ ಮದ್ರಾಸಿನಿಂದ ಬರುತ್ತಿತ್ತು. ತಮಿಳಿನಲ್ಲಿ ಬರೆದು ಕನ್ನಡಕ್ಕೆ ಇಳಿಸಿದ ಪುಸ್ತಕ. ಅದರಲ್ಲಿ ಆಂಗ್ಲರ ಆಳ್ವಿಕೆಯಿಂದ ಆದ ಅನುಕೂಲಗಳು ಎಂದು ಒಂದು ಪ್ರಶ್ನೆ ಇತ್ತು. ರೈಲು, ರಸ್ತೆ, ಅಂಚೆ, ಶಾಲೆ, ಆಸ್ಪತ್ರೆ. ಗಟ್ಟಿಯಾಗಿ ಬಾಯಿಪಾಠ ಮಾಡುತ್ತಿದ್ದೆ. ಒಲೆಯ ಮುಂದೆ ರಾಗಿ ಮುದ್ದೆ ತಿರುವುತ್ತಿದ್ದ ಅಕ್ಕ ಕೇಳಿದಳು:

"ರಸ್ತೆ ಅವರು ಆಕುದ್ರಾ? ಕಲ್ಲು ಒಡ್ದೋರು ಯಾರಂತ ಬರ್ದದಾ?"

"ಇಲ್ಲ."

"ಪೆಟ್ಟಿಗ ಒತ್ತೋರ್ದು?"

"ಅದೂ ಇಲ್ಲ."

"ಮತ್ತ ಇನ್ನೇನ್ ಬರ್ದದ್ಲಾ ಅಷ್ಟ್ ದಪ್ಪ ಪುಸ್ತಕದಲ್ಲಿ!"

ಅಕ್ಕನ ಗಂಡನ ಊರು ಗಡಿಯ ಆಚೆ, ಚಾಮರಾಜನಗರದ ಕಡೆ. ಅಲ್ಲಿಗೆ ಹೋದಾಗ ಆ ಮನೆಯ ಮಕ್ಕಳ ಪುಸ್ತಕ ತಿರುವಿ ನೋಡಿದ್ದೆ. ಅವರದರಲ್ಲಿ ಮಹಾರಾಜರಿದ್ದರು, ಅಣೆಕಟ್ಟು ಇತ್ತು. ನಮ್ಮದರಲ್ಲಿ ದೊರೆಗಳಿದ್ದರು, ರೈಲು ಇತ್ತು. ಬಸ್ಸಿನಲ್ಲಿ ಒಂದು ಗಂಟೆಯೂ ಇಲ್ಲದ ದೂರಕ್ಕೆ ಹಿಂದಿನ ಕಾಲವೇ ಬೇರೆ. ಆದರೆ ಆಚೆ ಹೊತ್ತವರೂ ಈಚೆ ಹೊತ್ತವರೂ ನೆಂಟರು. ಅವರು ಎರಡು ಪುಸ್ತಕದಲ್ಲೂ ಇರಲಿಲ್ಲ.

ನಾನು ಹತ್ತನೆಯದರ ತನಕ ಓದಿ ತಾಳವಾಡಿಯ ಒಂದು ಗೊಬ್ಬರದ ಅಂಗಡಿಯಲ್ಲಿ ಕೆಲಸಕ್ಕೆ ಸೇರಿದೆ. ಪುಸ್ತಕವನ್ನು ಮರೆತೆ. ಅದು ತಿರುಗಿ ಮನೆಗೆ ಬಂದದ್ದು ಮೊಮ್ಮಗಳ ಚೀಲದಲ್ಲಿ. ಮಗಳೂ ಅಳಿಯನೂ ತಿರುಪೂರಿನಲ್ಲಿ ಬನಿಯನ್ ಕಂಪನಿಯಲ್ಲಿ ದುಡಿಯುತ್ತಾರೆ. ಮಗು ನಮ್ಮ ಹತ್ತಿರ ಇದ್ದು ಎಂಟನೆಯ ಕ್ಲಾಸು ಓದುತ್ತಾಳೆ. ಈಗಿನ ಪುಸ್ತಕದಲ್ಲಿ ಅನುಕೂಲಗಳ ಪಾಠ ಮೂಲೆಗೆ ಸರಿದಿದೆ. ದಂಗೆ, ಮೆರವಣಿಗೆ, ಗುಂಡು, ನೇಣು. ಒಂದು ಪುಟದಲ್ಲಿ ನೇಣುಗಂಬದ ಚಿತ್ರ. ಎರಡು ಕಂಬ, ಮೇಲೊಂದು ಅಡ್ಡ ತೊಲೆ, ಕೆಳಗೆ ಎದೆ ಸೆಟೆದು ನಿಂತ ವೀರ. ಬದಲಾಯಿಸಿದ್ದು ಒಳ್ಳೆಯದೇ. ದೊರೆಗಳ ಹೊಗಳಿಕೆಯನ್ನು ಬಾಯಿಪಾಠ ಮಾಡಿದವನಿಗೆ ಅದು ಬೇಕಾಗಿತ್ತು. ಆದರೆ ಈ ಪುಸ್ತಕದಲ್ಲೂ ಎರಡೇ ಬಗೆಯ ಜನ. ಹೊಡೆಯುವ ದೊರೆ, ಎದುರು ನಿಂತು ಸಾಯುವ ವೀರ. ಎದುರು ನಿಲ್ಲದೆ, ಹೇಳಿದ್ದನ್ನು ಹೊತ್ತುಕೊಂಡು, ಮನೆಗೆ ಬಂದು ಎಣ್ಣೆ ತಿಕ್ಕಿಸಿಕೊಂಡು ಮಲಗಿದವನಿಗೆ ಅಲ್ಲಿ ಜಾಗವಿಲ್ಲ.

ಪಾಠದ ಕೊನೆಗೆ ಮಕ್ಕಳಿಗೊಂದು ಕೆಲಸ ಕೊಟ್ಟಿದ್ದರು. ತಮ್ಮ ಊರಿನ ಸುತ್ತ ಆ ಕಾಲದ ಗುರುತು ಏನಿದೆ ಎಂದು ಹುಡುಕಿ ಚಿತ್ರ ಬರೆಯಬೇಕು. ಮೊಮ್ಮಗಳು ತನ್ನ ದೊಡ್ಡಜ್ಜಿಯಾದ ಅಕ್ಕನನ್ನು ಕೇಳಿದಳು. ಅಕ್ಕ ತೊಟ್ಟಿಯ ಕಥೆ ಹೇಳಿ ಹೊರೆಗಲ್ಲನ್ನು ತೋರಿಸಿದಳು. ಮಗು ಚೆನ್ನಾಗಿಯೇ ಬರೆದಳು, ಎಣ್ಣೆಯ ಕಪ್ಪನ್ನೂ ಬಿಡದೆ. ಕ್ಲಾಸಿನಲ್ಲಿ ಆ ಚಿತ್ರವನ್ನು ಪುಸ್ತಕದ ನೇಣುಗಂಬದ ಪಕ್ಕದಲ್ಲಿ ಇಟ್ಟಾಗ ಮಕ್ಕಳೆಲ್ಲ ಒಟ್ಟಿಗೆ ಕೂಗಿದರಂತೆ, ಇದೇ ಅದು ಎಂದು. ಎರಡು ಕಂಬ, ಮೇಲೊಂದು ಅಡ್ಡ. ಹೆಡ್‌ಮಾಸ್ಟರು ಬಂದು ನೋಡಿದರು.

ಈ ಹೆಡ್‌ಮಾಸ್ಟರು ನನ್ನ ಜೊತೆಯೇ ಓದಿದವರು. ಊರಿನ ಜಮೀನುದಾರರ ಮನೆಯವರು, ಇಷ್ಟಲಿಂಗ ಪೂಜೆ ಮಾಡದೆ ನೀರು ಮುಟ್ಟುವವರಲ್ಲ. ಕೆಟ್ಟವರಲ್ಲ. ಅಕ್ಕನ ಪಿಂಚಣಿಗೆ ಓಡಾಡಿದವರೇ ಅವರು. ಕೆಟ್ಟವರಾಗಿದ್ದರೆ ನನ್ನ ಸಿಟ್ಟಿಗೆ ಒಂದು ಕಡೆ ಸಿಗುತ್ತಿತ್ತು.

ಮಾರನೆಯ ದಿನವೇ ನಮ್ಮ ಜಗುಲಿಗೆ ಬಂದು ಕೂತರು. ಮುಖದಲ್ಲಿ ಅಂಥ ಸಂತೋಷವನ್ನು ನಾನು ನೋಡಿರಲಿಲ್ಲ.

"ಅಕ್ಕ, ಇಷ್ಟು ವರ್ಷದಿಂದ ಕಣ್ಣ ಮುಂದೆ ಇತ್ತು, ನಾವು ಕುರುಡರು. ನಿಮ್ಮ ತಾತನ್ನ ನೇಣಿಗೆ ಹಾಕಿದ್ದು ಅಲ್ಲೇ ಅಲ್ವಾ?"

ಅಕ್ಕ ಕಡಲೆಕಾಯಿ ಬಿಡಿಸುತ್ತಿದ್ದವಳು ತಲೆ ಎತ್ತಿದಳು. "ನಮ್ ತಾತನ್ನ? ನಮ್ ತಾತ ಮುದ್ದ ಉಂಡು ಮನಗ್ದೋನು ಬೆಳುಗ್ಗ ಏಳ್ನಿಲ್ಲ ಮೇಷ್ಟ್ರೇ. ನೇಣಂತ ನೇಣು."

"ಹಂಗಾದ್ರೆ ಬೇರೆ ಯಾರನ್ನೋ ಹಾಕಿರ್ಬೇಕು. ಆ ಕಪ್ಪು ಕಲೆ ನೋಡಿ. ನಿಮ್ಮ ಹೆಣ ಎಲ್ಲಾ ಅಲ್ಲೇ ನಿಲ್ಸೋದು ಯಾಕೆ? ಯಾರೋ ತ್ಯಾಗಿಗೆ ಗೌರವ ಕೊಡೋಕೆ ತಾನೇ?" ಸ್ವಾತಂತ್ರ್ಯಕ್ಕೆ ಹೋರಾಡಿದವರನ್ನು ನಮ್ಮ ಕಡೆ ತಮಿಳಿನವರಂತೆ ತ್ಯಾಗಿ ಎನ್ನುತ್ತಾರೆ.

"ಅದು ಅರಳೆಣ್ಣ ಕಣಪ್ಪ, ನಾನೇ ತಿಕ್ಕಿರದು" ಎಂದಳು ಅಕ್ಕ. ಆಮೇಲೆ ಅವಳಿಗೆ ನಗು ತಡೆಯಲಾಗಲಿಲ್ಲ. "ಅಲ್ಲಾ ಮೇಷ್ಟ್ರೇ, ಆ ಕಲ್ಲು ನಿಮ್ ಎಗಲುದ್ದ ಅದ. ಅದ್ರಲ್ಲಿ ನೇಣು ಆಕಬೇಕಾದ್ರ ಆ ವೀರ ಮಂಡಿ ಮಡಿಕಂಡು ದೊರೆಗ ಸಹಾಯ ಮಾಡಬೇಕಾಯ್ತದ!"

ನಾನೂ ನಕ್ಕೆ. ಮೇಷ್ಟ್ರು ನಗಲಿಲ್ಲ. ಆ ಕಾಲದಲ್ಲಿ ನೆಲ ತಗ್ಗಿತ್ತು, ಮಣ್ಣು ತುಂಬಿಕೊಂಡಿದೆ ಎಂದರು. ಅಕ್ಕ ಕೈಯ ಕಡಲೆಕಾಯಿ ಕೆಳಗಿಟ್ಟಳು.

"ನೋಡಪ್ಪ. ಆ ದೊರೆಗ ನಮ್ ತಾತನ ಎಸ್ರೂ ಗೊತ್ತಿರ್ನಿಲ್ಲ. ದೊರೆ ಬತ್ತಾವ್ನ ಅಂದ್ರ ಕೇರಿಗ ಆಳ್ ಕಳುಸ್ತಿದ್ದದು ನಿಮ್ ತಾತ. ಇವನ್ ಬೇಡ, ಅವನ್ ಗಟ್ಟಿಯಾಗವ್ನ, ಅವನ್ನ ಕರಿ ಅಂತ ಆರ್ಸಿ ಕಳುಸ್ತಿದ್ದದು. ಬರ್ಯಂಗಿದ್ರ ಅದನ್ನೂ ಬರಿ."

ಮೇಷ್ಟ್ರು ಮೆತ್ತಗೆ, ನೋಯಿಸಬೇಕೆಂದಲ್ಲ, ಚಿಕ್ಕ ಮಗುವಿಗೆ ತಿಳಿಸಿ ಹೇಳುವ ಹಾಗೆ ಹೇಳಿದರು:

"ಅದು ಊರೊಳಗಿನ ಮಾತು ಅಕ್ಕ. ಇದು ಚರಿತ್ರೆ."

ಪುಸ್ತಕದಲ್ಲಿ ಬಿಳಿಯರು ನಮ್ಮನ್ನು ಹಿಂಸಿಸಿದರು ಎಂದು ಬರೆದಿರುತ್ತದೆ. ಓದುವಾಗ ಎದೆ ಉಬ್ಬುತ್ತದೆ, ಸಿಟ್ಟೂ ಬರುತ್ತದೆ. ಆ 'ನಮ್ಮನ್ನು' ಎಂಬುದರೊಳಗೆ ಅವರ ತಾತನೂ ನನ್ನ ತಾತನೂ ಒಂದೇ ಸಾಲಿನಲ್ಲಿ ನಿಂತುಬಿಡುತ್ತಾರೆ. ಹೊರೆ ಹೊರಿಸಿದವನು, ಹೊತ್ತವನು, ಇಬ್ಬರೂ ಒಟ್ಟಿಗೆ ಹಿಂಸೆ ಪಟ್ಟವರು. ಪುಸ್ತಕ ಬರೆದವರು ಬೇಕೆಂದು ಮಾಡಿರಲಿಕ್ಕಿಲ್ಲ. ಅವರಿಗೆ ನಮ್ಮ ಊರೇ ಗೊತ್ತಿಲ್ಲ. ಆದರೆ ಗೊತ್ತಿರುವ ಮೇಷ್ಟ್ರು, ಮುಂದೆ ಕೂತು ಹೇಳುವ ಅಕ್ಕನ ಮಾತು ಬಿಟ್ಟು, ಗೊತ್ತಿಲ್ಲದವರು ಬರೆದದ್ದನ್ನೇ ನಂಬಿದರಲ್ಲ.

ಆಗಸ್ಟ್ ಹದಿನೈದಕ್ಕೆ ಕಲ್ಲಿಗೆ ಬಣ್ಣ ಬಳಿದರು. ಬಳಿಯುವ ಮೊದಲು ಎಣ್ಣೆಯ ಜಿಡ್ಡಿಗೆ ಬಣ್ಣ ಹಿಡಿಯುವುದಿಲ್ಲ ಎಂದು ಸೋಪಿನ ಪುಡಿ ಹಾಕಿ, ತೆಂಗಿನ ನಾರಿನಿಂದ ಉಜ್ಜಿದರು. ಅಕ್ಕ ದೂರದಲ್ಲಿ ನಿಂತು ನೋಡಿದಳು. ಬಾವುಟದ ಕಂಬ ಬಂತು. ಪಂಚಾಯಿತಿಯಿಂದ ಜಾಲರಿ ಬಂತು. ಬೀಗ ಹಾಕಿದ ದಿನ ಮಾತ್ರ ಮನೆಗೆ ಬಂದು ಕೇಳಿದಳು:

"ಬೀಗ ಯಾಕ್ಲಾ? ಕಲ್ಲು ಎಲ್ಲಿಗಾರ ಓಡೋದದಾ?"

"ದನ ಉಜ್ಕತವ ಅಂತಕ್ಕ."

"ದನ ಅಲ್ಲ ಕಣ. ನಾವು."

ಚಳಿ ಶುರುವಾದಾಗ ಅವಳಿಗೆ ಎದೆ ಕಟ್ಟಿಕೊಂಡಿತು. ತಾಳವಾಡಿಯ ಆಸ್ಪತ್ರೆ, ಆಮೇಲೆ ಚಾಮರಾಜನಗರದ ಆಸ್ಪತ್ರೆ. ಮನೆಗೆ ಕರೆತಂದ ಮೇಲೆ ಗೋಡೆಗೆ ಒರಗಿ ಕೂತು ಹೇಳಿದಳು. "ನನ್ನ ಅಲ್ಲೇ ಇಳುಸ್ಬೇಕು. ನೀನು ಯೋಳ್ಬೇಕು ಒರ ಇಳೀತು ಅಂತ. ಊರಿಗೆಲ್ಲಾ ಎಣ್ಣ ತಿಕ್ಕಿವ್ನಿ, ನಂಗ ತಿಕ್ದೇ ಕಳುಸ್ಬ್ಯಾಡಿ." ನಾನು ಮೇಷ್ಟ್ರ ಹತ್ತಿರ ಹೋದೆ. ಆಯಿತು, ಅಂಥ ಸಮಯ ಬಂದರೆ ತೆಗೆಸೋಣ, ಈಗಲೇ ಯಾಕೆ ಅಪಶಕುನ ಎಂದರು. ಮತ್ತೆ ಹೋದೆ. ಇನ್ನೊಂದು ಬೀಗದ ಕೈ ಮಾಡಿಸಿ ಕೊಡುತ್ತೇನೆ ಎಂದರು.

ಪೊಂಗಲ್ ಕಳೆದ ಮೇಲೆ, ಒಂದು ಬೆಳಿಗ್ಗೆ, ಅಕ್ಕ ಹೋದಳು.

ಮೇಷ್ಟ್ರು ಅವತ್ತು ಮದುವೆಗೆಂದು ಕೊಳ್ಳೇಗಾಲಕ್ಕೆ ಹೋಗಿದ್ದರು. ನಾನು ಫೋನು ಮಾಡಿದೆ. ಓಲಗದ ಸದ್ದಿನ ನಡುವೆ ಅವರ ದನಿ ಬಂತು. ಅಯ್ಯೋ ಎಂದರು, ಎಂಥ ಜೀವ ಎಂದರು, ನಿಜವಾಗಿ ಮರುಗಿದರು. ಬೀಗದ ಕೈ ಜೇಬಿನಲ್ಲೇ ಇದೆ, ಸಾಯಂಕಾಲಕ್ಕೆ ಬರುತ್ತೇನೆ ಎಂದರು. ಆಮೇಲೆ ದನಿ ತಗ್ಗಿಸಿ, "ಒಂದು ಮಾತು, ತಪ್ಪು ತಿಳಿಬೇಡ. ಬಾವುಟ ಹಾರಿಸೋ ಜಾಗ. ಅಲ್ಲಿ ಹೆಣ ಇಳಿಸೋದು ಈಗ ಸರಿ ಕಾಣುತ್ತಾ?" ಎಂದರು. ನಾನು ಫೋನು ಇಟ್ಟೆ.

ಮಣ್ಣು ಮಾಡುವ ಹೊತ್ತು ಮೀರುತ್ತದೆ ಎಂದು ಹಿರಿಯರು ಅವಸರ ಮಾಡಿದರು. ಚಟ್ಟ ಎತ್ತಿ ನಡೆದೆವು. ಹೊತ್ತ ನಾಲ್ವರೂ ನಮ್ಮ ಕೇರಿಯ ಹುಡುಗರೇ, ಎಲ್ಲರೂ ಆ ಮೇಷ್ಟ್ರ ಕೈಯಲ್ಲಿ ಓದಿದವರು. ಜಾಲರಿಯ ಮುಂದೆ ಅಭ್ಯಾಸದಂತೆ ಕಾಲು ನಿಂತಿತು. ಮುಂದೆ ಹೋಗಲು ಗೇಟು ಬಿಡಲಿಲ್ಲ.

"ಒಡಿರ್ಲಾ ಬೀಗವ" ಎಂದೆ.

ಮುಂದೆ ಹೊತ್ತವನು ಕತ್ತು ತಿರುಗಿಸದೆ ಹೇಳಿದ. "ಮಾವ, ಬಾವುಟದ ಜಾಗ. ಒಡುದ್ರ ಕೇಸಾಯ್ತದ."

ಅವನ ಜೊತೆಯವನು, "ಕೇಸ್ ಬುಡು ಮಾವ. ಆದ್ರೂ ತ್ಯಾಗಿ ಸತ್ತಿರ ಜಾಗ. ಅಲ್ಲಿ ನಾವ್ ಎಂಗ..." ಎಂದು ಅರ್ಧಕ್ಕೆ ನಿಲ್ಲಿಸಿದ.

"ಯಾವ ತ್ಯಾಗಿಲಾ? ಅಲ್ಲಿ ಯಾರ್ಲಾ ಸತ್ತಿರದು? ನಿಮ್ಮಜ್ಜಿನೂ ಇಲ್ಲೇ ಇಳ್ಸಿರ್ನಿಲ್ವಾ?"

"ಆಗ ಗೊತ್ತಿರ್ನಿಲ್ಲ ಮಾವ."

ಆಗ ಗೊತ್ತಿರಲಿಲ್ಲ. ಬಣ್ಣ ಬಳಿದು ವರ್ಷ ತುಂಬಿಲ್ಲ. ತನ್ನ ಅಜ್ಜಿಯ ಚಟ್ಟದ ಹಿಂದೆ ನಡೆದು ಬಂದ ಹುಡುಗ, ತಾನು ಕಣ್ಣಾರೆ ನೋಡಿದ್ದನ್ನು ಗೊತ್ತಿಲ್ಲದ ಕಾಲಕ್ಕೆ ಸೇರಿಸಿ, ಪುಸ್ತಕದ ಚಿತ್ರವನ್ನು ಗೊತ್ತಿರುವುದು ಮಾಡಿಕೊಂಡಿದ್ದ. ಅವನ ಮೇಲೆ ಕೂಗಾಡುವ ಹೊತ್ತಲ್ಲ ಅದು. ಅಕ್ಕ ಬಿಸಿಲಿನಲ್ಲಿ ಮಲಗಿದ್ದಳು. ನೆಲಕ್ಕೆ ಇಡುವಂತಿಲ್ಲ, ನಮ್ಮಲ್ಲಿ ಕಲ್ಲು ಬಿಟ್ಟು ನಡುದಾರಿಯಲ್ಲಿ ಚಟ್ಟ ನೆಲ ಮುಟ್ಟಬಾರದು. ಹುಡುಗರು ಕಾಲು ಬದಲಾಯಿಸುತ್ತ ನಿಂತಿದ್ದರು.

ನಾನು ಅಂಗಿ ಬಿಚ್ಚಲೂ ಇಲ್ಲ. ಚಟ್ಟದ ತಲೆಯ ಕಡೆಗೆ ಹೋಗಿ, ಬೊಂಬುಗಳ ನಡುವೆ ಅಡ್ಡ ಕಟ್ಟಿದ್ದ ಗಳಕ್ಕೆ ಬಲ ಹೆಗಲು ಕೊಟ್ಟೆ. "ಬುಡ್ರಿ" ಎಂದೆ.

"ಮಾವ, ನಿನ್ ಕೈಲಿ ಆಗದಾ?"

"ಬುಡ್ಲಾ ಅಂದ್ರ."

ಮುಂದಿನ ಇಬ್ಬರೂ ಹೆಗಲು ಬಿಡಿಸಿಕೊಂಡರು. ಭಾರ ನನ್ನ ಮೇಲೆ ಕೂತಿತು. ಕೊನೆಕೊನೆಗೆ ಅಕ್ಕ ಹಿಡಿಯಷ್ಟೇ ಆಗಿದ್ದಳು, ಆದರೂ ಕಾಲು ಅಗಲಿಸಿ ನಿಲ್ಲಬೇಕಾಯಿತು. ಹರಳೆಣ್ಣೆಯ ಬಾಟಲಿ ಹಿಡಿದು ಬಂದ ಮೊಮ್ಮಗಳು ಕಲ್ಲನ್ನು ನೋಡಿದಳು, ಜಾಲರಿಯನ್ನು ನೋಡಿದಳು, ನನ್ನನ್ನು ನೋಡಿದಳು.

"ತಾತ, ಎಲ್ಲಿಗ ತಿಕ್ಲಿ?"

ಅವಳೇ ಅಂಗಿಯ ಕಾಲರು ಸರಿಸಿ ಗಳ ಒತ್ತಿದ್ದ ಕಡೆ ಎಣ್ಣೆ ಸುರಿದು ತಿಕ್ಕಿದಳು. ತಣ್ಣಗಿತ್ತು. ಹೆಂಗಸರು ಅಲ್ಲಿಂದ ಹಿಂದಕ್ಕೆ ತಿರುಗಿದರು.

ಹೊರೆ ಇಳೀತು ಎಂದು ಹೇಳಬೇಕಾದವನು ನಾನು. ಹೊರೆ ನನ್ನ ಹೆಗಲ ಮೇಲಿತ್ತು. ಸುಳ್ಳು ಹೇಳಿ ಅವಳನ್ನು ಕಳಿಸಲು ಮನಸ್ಸಾಗಲಿಲ್ಲ. ಹೇಳಲಿಲ್ಲ.

ತಿಥಿ ಮುಗಿದ ಮೇಲೆ ಮೇಷ್ಟ್ರು ಹಣ್ಣು ಹಿಡಿದುಕೊಂಡು ಬಂದರು. ಕಣ್ಣೀರು ಹಾಕಿದರು. ಹೋಗುವಾಗ, ಬರುವ ಆಗಸ್ಟಿಗೆ ಅಲ್ಲಿ ಒಂದು ಹೆಸರಿನ ಕಲ್ಲು ಇಡಿಸಬೇಕೆಂದಿದ್ದೇವೆ, ತ್ಯಾಗಿ ಎಂದು ನಿಮ್ಮ ತಾತನ ಹೆಸರನ್ನೇ ಹಾಕಿಸೋಣ, ನೀನು ವಂಶದವನಾಗಿ ಎರಡು ಮಾತಾಡು ಎಂದರು. ಇದು ನಮ್ಮ ಕೇರಿಗೆ ಅವರು ತೋರಿಸುವ ದೊಡ್ಡ ಮರ್ಯಾದೆ ಎಂದು ಅವರ ಮುಖದಲ್ಲೇ ಕಾಣುತ್ತಿತ್ತು. ತಾತ ಸ್ನಾನದ ತೊಟ್ಟಿ ಹೊತ್ತವನು ಎಂದು ಬರೆಸಿದರೆ ಮಾತಾಡುತ್ತೇನೆ ಎಂದೆ. ಅವರು ನನ್ನ ಬೆನ್ನು ಸವರಿದರು. ದುಃಖದಲ್ಲಿದ್ದೀಯ, ಆಮೇಲೆ ಮಾತಾಡೋಣ ಎಂದರು.

ಮೊಮ್ಮಗಳು ಪರೀಕ್ಷೆಗೆ ಓದುತ್ತಿದ್ದಾಳೆ. ಕ್ಲಾಸಿನಲ್ಲಿ ಬರೆಸಿದ ಉತ್ತರದಲ್ಲಿ ನಮ್ಮ ಊರಿನ ನೇಣುಗಂಬವೂ ಸೇರಿದೆ. ಮೊನ್ನೆ ಬಾಯಿಪಾಠ ಮಾಡುತ್ತಿದ್ದವಳು ನಡುವೆ ನಿಲ್ಲಿಸಿ, "ತಾತ, ಯಾವ್ದ ಬರೀಲಿ?" ಎಂದಳು. ದೊಡ್ಡಜ್ಜಿ ಹೇಳಿದ್ದನ್ನು ಬರೆ ಎಂದರೆ ಅಂಕ ಹೋಗುತ್ತದೆ. ಮೇಷ್ಟ್ರು ಬರೆಸಿದ್ದನ್ನು ಬರೆ ಎಂದರೆ ಅಕ್ಕ ಹೋಗುತ್ತಾಳೆ. ನಾನು ಎದ್ದು ಹೊರಗೆ ಹೋದೆ. ಅವಳು ಏನು ಬರೆಯುತ್ತಾಳೋ ಗೊತ್ತಿಲ್ಲ.

ಎಣ್ಣೆ ಹತ್ತಿದ ಅಂಗಿಯನ್ನು ಒಗೆಯಲು ಹಾಕಿಲ್ಲ. ಬೀಗದ ಕೈ ಎಲ್ಲಿ ಎಂದು ಮೇಷ್ಟ್ರನ್ನು ಸಿಕ್ಕಾಗಲೆಲ್ಲ ಕೇಳುತ್ತೇನೆ. ಬಸ್ಸು ನಿಲ್ಲುವ ಕಡೆ, ಹಾಲಿನ ಡೈರಿಯ ಮುಂದೆ, ಟೀ ಅಂಗಡಿಯಲ್ಲಿ, ನಾಲ್ಕು ಜನರ ಎದುರಿಗೇ ಕೇಳುತ್ತೇನೆ. ಈಗ ಯಾರಿಗೆ ಬೇಕು, ಅಕ್ಕ ಹೋಗಿಯಾಯಿತಲ್ಲ ಎಂದು ಅವರಿಗೆ ಆಶ್ಚರ್ಯ. ನಮ್ಮ ಕೇರಿಯಲ್ಲಿ ಇನ್ನೂ ಜನ ಇದ್ದಾರೆ, ನಾನೂ ಇದ್ದೇನೆ ಎನ್ನುತ್ತೇನೆ. ಮಾಡಿಸಿ ಕೊಡುತ್ತೇನೆ ಎನ್ನುತ್ತಾರೆ.

ಇನ್ನೂ ಕೊಟ್ಟಿಲ್ಲ.